ತಂತಿಯ ಕೆಳಗಿನ ನೆಲ

ವಿದ್ಯುತ್ ಪ್ರಸಾರಣದ ಪಾಠ ಮುಗಿಸಿ ನಾವು ಪುಸ್ತಕವನ್ನು ಮಡಿಚುತ್ತಿದ್ದ ಒಂದು ಮಧ್ಯಾಹ್ನ, ಹಿಂದಿನ ಸಾಲಿನ ವಿದ್ಯಾರ್ಥಿಯೊಬ್ಬ ಎದ್ದು ನಿಂತ. ಮಲೆನಾಡಿನ ಕಡೆಯ ಹುಡುಗ. ಮನೆಯಲ್ಲಿ ಒಂದೂವರೆ ಎಕರೆ ಅಡಿಕೆ ತೋಟ. ಅದರ ಮೇಲೆ ಹಾದು ಹೋಗುವಂತೆ 220 ಕಿಲೋವೋಲ್ಟಿನ ಮಾರ್ಗವೊಂದನ್ನು ಗುರುತು ಮಾಡಿದ್ದರು.

“ಸಾರ್, ತಂತಿ ನಮ್ಮ ನೆಲವನ್ನು ಮುಟ್ಟುವುದೇ ಇಲ್ಲ. ಗೋಪುರವೂ ಪಕ್ಕದವರ ಗದ್ದೆಯಲ್ಲಿ ನಿಲ್ಲುತ್ತದಂತೆ. ಹಾಗಿದ್ದ ಮೇಲೆ ನಮ್ಮ ಮರಗಳನ್ನು ಏಕೆ ಕಡಿಯಬೇಕು? ಕಡಿದ ಮೇಲೂ ಜಾಗ ನಿಮ್ಮದೇ ಎನ್ನುತ್ತಾರೆ. ನಮ್ಮದೇ ಆಗಿದ್ದರೆ ಮತ್ತೆ ಅಡಿಕೆ ನೆಡಬೇಡಿ ಎನ್ನುವುದು ಏಕೆ?”

ಹುಡುಗ ಕೇಳಿದ್ದು ಒಂದು ಪ್ರಶ್ನೆಯಲ್ಲ, ಎರಡು. ಮರ ಏಕೆ ಕಡಿಯಬೇಕೆಂಬುದಕ್ಕೆ ಭೌತಶಾಸ್ತ್ರ ಉತ್ತರ ಹೇಳಬೇಕು. ಕಡಿದ ಮೇಲೆ ಆ ಜಾಗ ಯಾರದೆಂಬುದಕ್ಕೆ ಕಾನೂನು ಉತ್ತರ ಹೇಳಬೇಕು. ನಮ್ಮ ನ್ಯಾಯಾಲಯಗಳ ಮುಂದೆ ಬರುವ ವಿದ್ಯುತ್ ಮಾರ್ಗದ ತಕರಾರುಗಳೆಲ್ಲ ಬಹುಮಟ್ಟಿಗೆ ಈ ಎರಡು ಪ್ರಶ್ನೆಗಳ ನಡುವೆಯೇ ಹುಟ್ಟುತ್ತವೆ. ಆದುದರಿಂದ ಎರಡನ್ನೂ ಒಂದೊಂದಾಗಿ ವಿಚಾರಿಸೋಣ.

ಇಷ್ಟೊಂದು ಒತ್ತಡ ಏತಕ್ಕೆ?

ತಂತಿಯಲ್ಲಿ ಹರಿಯುವ ವಿದ್ಯುತ್ ಪ್ರವಾಹವು ತಂತಿಯನ್ನು ಕಾಯಿಸುತ್ತದೆ. ಹೀಗೆ ಬಿಸಿಯಾಗಿ ಪೋಲಾಗುವ ಶಕ್ತಿಯು ಪ್ರವಾಹದ ವರ್ಗಕ್ಕೆ ಅನುಗುಣವಾಗಿರುತ್ತದೆ ಎಂಬುದನ್ನು ಪ್ರೌಢಶಾಲೆಯಲ್ಲಿಯೇ ಕಲಿತಿದ್ದೇವೆ. ಪ್ರವಾಹ ಇಮ್ಮಡಿಯಾದರೆ ನಷ್ಟ ನಾಲ್ಮಡಿ. ಕಳುಹಿಸಬೇಕಾದ ಶಕ್ತಿಯನ್ನು ಕಡಮೆ ಮಾಡದೆ ಪ್ರವಾಹವನ್ನು ಮಾತ್ರ ಕಡಮೆ ಮಾಡಬೇಕಾದರೆ, ವೋಲ್ಟೇಜನ್ನು, ಅಂದರೆ ವಿದ್ಯುತ್ತಿನ ಒತ್ತಡವನ್ನು, ಏರಿಸುವುದೊಂದೇ ದಾರಿ.

ಒಂದು ಉದಾಹರಣೆ ತೆಗೆದುಕೊಳ್ಳೋಣ. 100 ಮೆಗಾವಾಟು ಶಕ್ತಿಯನ್ನು 220 ಕಿಲೋವೋಲ್ಟಿನಲ್ಲಿ ಮೂರು ತಂತಿಗಳ ಮೂಲಕ ಕಳುಹಿಸಿದರೆ ಪ್ರತಿ ತಂತಿಯಲ್ಲಿ ಹರಿಯುವ ಪ್ರವಾಹ ಸುಮಾರು 262 ಆಂಪಿಯರು. ಅದನ್ನೇ 11 ಕಿಲೋವೋಲ್ಟಿನಲ್ಲಿ ಕಳುಹಿಸಲು ಹೊರಟರೆ 5,250 ಆಂಪಿಯರು ಬೇಕು. ಪ್ರವಾಹ ಇಪ್ಪತ್ತು ಪಟ್ಟು. ಅದೇ ತಂತಿಯಲ್ಲಿ ನಷ್ಟ ನಾನೂರು ಪಟ್ಟು! ಶಿವನಸಮುದ್ರದಲ್ಲಿ ಹುಟ್ಟಿದ ವಿದ್ಯುತ್ತು 1902ರಲ್ಲಿ ಸುಮಾರು 147 ಕಿಲೋಮೀಟರು ದೂರದ ಕೋಲಾರದ ಚಿನ್ನದ ಗಣಿಗಳನ್ನು ಮುಟ್ಟಲು ಸಾಧ್ಯವಾದುದು ಈ ಉಪಾಯದಿಂದಲೇ. ಜಲಪಾತ ಇರುವ ಕಡೆ ಗಣಿಯಿಲ್ಲ, ಗಣಿ ಇರುವ ಕಡೆ ಜಲಪಾತವಿಲ್ಲ. ನಡುವೆ ಇರುವುದು ರೈತರ ಹೊಲಗದ್ದೆಗಳು. ಅಂದಿಗೂ ಇಂದಿಗೂ ಈ ಸಂಗತಿ ಬದಲಾಗಿಲ್ಲ.

ಗಾಳಿಯೇ ಹೊದಿಕೆ

ಮನೆಯಲ್ಲಿರುವ ವಿದ್ಯುತ್ ತಂತಿಗೆ ಪ್ಲಾಸ್ಟಿಕ್ಕಿನ ಹೊದಿಕೆಯಿದೆ. ಗೋಪುರಗಳ ನಡುವೆ ಎಳೆದ ತಂತಿಗೆ ಯಾವ ಹೊದಿಕೆಯೂ ಇಲ್ಲ. ಅದು ಬರಿಯ ಲೋಹ. ಗೋಪುರದಿಂದ ಅದನ್ನು ಬೇರ್ಪಡಿಸುವುದು ಪಿಂಗಾಣಿ ಅಥವಾ ಗಾಜಿನ ಬಿಲ್ಲೆಗಳ ಸರ. ಮಿಕ್ಕೆಲ್ಲ ಕಡೆಯಲ್ಲಿಯೂ ಅದರ ಹೊದಿಕೆಯೆಂದರೆ ಸುತ್ತಲಿನ ಗಾಳಿಯೇ. ಮುಂದಿನ ವಾದವೆಲ್ಲ ಈ ಒಂದು ಮಾತಿನ ಮೇಲೆ ನಿಂತಿದೆ.

ಈ ಗಾಳಿಯ ಹೊದಿಕೆ ಎಷ್ಟು ದಪ್ಪವಿರಬೇಕು? 220 ಕಿಲೋವೋಲ್ಟಿನ ಮಾರ್ಗದಲ್ಲಿ ತಂತಿಗೂ ನೆಲಕ್ಕೂ ನಡುವಣ ಒತ್ತಡವು ಪ್ರತಿ ಆವರ್ತನೆಯಲ್ಲಿಯೂ ಸುಮಾರು 180 ಕಿಲೋವೋಲ್ಟಿನವರೆಗೆ ಏರಿ ಇಳಿಯುತ್ತದೆ. ಎರಡು ನುಣುಪಾದ ಸಮತಲ ಫಲಕಗಳ ನಡುವೆ ಗಾಳಿಯು ಪ್ರತಿ ಸೆಂಟಿಮೀಟರಿಗೆ ಸುಮಾರು 30 ಕಿಲೋವೋಲ್ಟನ್ನು ತಡೆಯಬಲ್ಲುದು. ಆ ಲೆಕ್ಕದಲ್ಲಿ 6 ಸೆಂಟಿಮೀಟರು ಗಾಳಿ ಸಾಕು. ಆದರೆ ಮರದ ಎಲೆಗಳು ನುಣುಪಾದ ಫಲಕಗಳಲ್ಲ. ಮೊನಚು ಇದ್ದ ಕಡೆ ವಿದ್ಯುತ್ ಕ್ಷೇತ್ರ ಒತ್ತಾಗುತ್ತದೆ. ಅಲ್ಲಿ ಗಾಳಿ ಬಹುಬೇಗ ಸೋಲುತ್ತದೆ. ದೀರ್ಘ ಅಂತರಗಳಲ್ಲಿ ಸೆಂಟಿಮೀಟರಿಗೆ ಸುಮಾರು 5 ಕಿಲೋವೋಲ್ಟನ್ನಷ್ಟೇ ನಂಬಬಹುದು. ಆಗ 36 ಸೆಂಟಿಮೀಟರು ಬೇಕು. ಸಿಡಿಲು ಬಡಿದಾಗ, ಸ್ವಿಚ್ಚುಗಳನ್ನು ತೆರೆದು ಮುಚ್ಚಿದಾಗ, ಒತ್ತಡ ಕ್ಷಣಮಾತ್ರ ಹಲವು ಪಟ್ಟು ಏರುವುದುಂಟು. ಮರ ಬೆಳೆಯುತ್ತದೆ, ಗಾಳಿಗೆ ತೂಗುತ್ತದೆ. ಕೊನೆ ಕೊಯ್ಯಲು ಉದ್ದನೆಯ ದೋಟಿ ಹಿಡಿದ ಮನುಷ್ಯ ಬರುತ್ತಾನೆ. ಇವೆಲ್ಲವನ್ನೂ ಎಣಿಸಿ, ಈ ಒತ್ತಡದ ತಂತಿಗೂ ಮರಕ್ಕೂ ನಡುವೆ ಕನಿಷ್ಠ 4.6 ಮೀಟರು ಅಂತರವಿರಬೇಕೆಂದು ಗೊತ್ತುಮಾಡಿದ್ದಾರೆ. 400 ಕಿಲೋವೋಲ್ಟಿನ ತಂತಿಗಾದರೆ ಇದು 5.5 ಮೀಟರು.

ಇನ್ನು ನೆಲದಿಂದ ತಂತಿಯ ಎತ್ತರ. 1956ರ ಭಾರತೀಯ ವಿದ್ಯುತ್ ನಿಯಮಗಳು ಇದಕ್ಕೊಂದು ಸರಳವಾದ ಸೂತ್ರವನ್ನು ಕೊಟ್ಟವು. 33 ಕಿಲೋವೋಲ್ಟಿಗೆ 5.2 ಮೀಟರು; ಅದಕ್ಕಿಂತ ಮೇಲಿನ ಪ್ರತಿ 33 ಕಿಲೋವೋಲ್ಟಿಗೆ ಅಥವಾ ಅದರ ಭಾಗಕ್ಕೆ 0.3 ಮೀಟರು ಹೆಚ್ಚು. 2010ರ ಸುರಕ್ಷತಾ ನಿಯಮಗಳಲ್ಲಿಯೂ ಇದೇ ಕ್ರಮ ಮುಂದುವರಿಯಿತು. ಅದರಂತೆ 220 ಕಿಲೋವೋಲ್ಟಿಗೆ 5.2 ಮೀಟರಿನ ಮೇಲೆ ಆರು ಮೆಟ್ಟಿಲು, ಅಂದರೆ ಒಟ್ಟು 7 ಮೀಟರು.

ಈಗ ವಿದ್ಯಾರ್ಥಿಗಳು ಒಂದು ಸಣ್ಣ ವ್ಯವಕಲನ ಮಾಡಿ ನೋಡಲಿ. ತಂತಿ ಅತ್ಯಂತ ಕೆಳಗಿಳಿದ ಕಡೆಯಲ್ಲಿ ನೆಲದಿಂದ 7 ಮೀಟರು. ಮರ ಅದಕ್ಕಿಂತ 4.6 ಮೀಟರು ಕೆಳಗಿರಬೇಕು. ಉಳಿಯುವುದು 2.4 ಮೀಟರು: ಎತ್ತರದ ಮನುಷ್ಯನೊಬ್ಬ ಕೈ ಮೇಲೆತ್ತಿ ನಿಂತಷ್ಟು. ಭತ್ತ, ರಾಗಿ, ತರಕಾರಿಗೆ ಇದು ಧಾರಾಳ. ಸವರಿ ಬೆಳೆಸಿದ ಕಾಫಿ ಗಿಡವೂ ಉಳಿಯಬಹುದು. ಆದರೆ ಕಾಫಿಗೆ ನೆರಳು ಕೊಡುವ ಮರ, ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿ ಉಳಿಯವು. ಹತ್ತು ಹದಿನೈದು ಮೀಟರು ಬೆಳೆಯುವ ಅಡಿಕೆಯ, ಇನ್ನೂ ಎತ್ತರಕ್ಕೆ ಹೋಗುವ ತೆಂಗಿನ ಮಾತಂತೂ ದೂರವೇ ಉಳಿಯಿತು. ಬಯಲುಸೀಮೆಯ ಹೊಲದ ಮೇಲೆ ಹಾದ ಮಾರ್ಗಕ್ಕೂ ಮಲೆನಾಡಿನ, ಕರಾವಳಿಯ ತೋಟದ ಮೇಲೆ ಹಾದ ಮಾರ್ಗಕ್ಕೂ ಇರುವ ವ್ಯತ್ಯಾಸ ಇದೇ. ಮೈಸೂರಿನಿಂದ ಕೋಳಿಕ್ಕೋಡಿಗೆ ಹೋಗುವ 400 ಕಿಲೋವೋಲ್ಟಿನ ಮಾರ್ಗ ಕೊಡಗನ್ನು ದಾಟುವಾಗ, ಉಡುಪಿ–ಕಾಸರಗೋಡು ಮಾರ್ಗ ದಕ್ಷಿಣ ಕನ್ನಡದ ತೋಟಗಳ ಕಡೆ ಬಂದಾಗ, ವಿರೋಧ ಬಲವಾಗಿ ಎದ್ದುದಕ್ಕೆ ಈ ವ್ಯವಕಲನವೂ ಒಂದು ಕಾರಣ.

ಜೋಲು ಮತ್ತು ತೂಗಾಟ

“ಹಾಗಾದರೆ ತಂತಿಯ ನೇರ ಕೆಳಗಿರುವ ಮರಗಳನ್ನು ಮಾತ್ರ ಕಡಿದರೆ ಸಾಲದೆ? 35 ಮೀಟರು ಅಗಲದ ಪಟ್ಟಿ ಏಕೆ?” ಎಂದು ಯಾರಾದರೂ ಕೇಳಬಹುದು. 220 ಕಿಲೋವೋಲ್ಟಿನ ಮಾರ್ಗಕ್ಕೆ ನಮ್ಮ ದೇಶದಲ್ಲಿ ನಿಗದಿಯಾದ ದಾರಿಯ ಅಗಲ 35 ಮೀಟರು. ಈ ಅಂಕಿ ಎಲ್ಲಿಂದ ಬಂತೆಂಬುದನ್ನು ನಾವೇ ಲೆಕ್ಕ ಹಾಕಬಹುದು.

ಎರಡು ಗೋಪುರಗಳ ನಡುವೆ ಕಟ್ಟಿದ ತಂತಿ ಬಟ್ಟೆ ಒಣಗಿಸುವ ಹಗ್ಗದಂತೆ ನಡುವೆ ಜೋಲುತ್ತದೆ. ಎಷ್ಟು ಬಿಗಿದರೂ ಜೋಲು ತಪ್ಪದು. ಅತಿಯಾಗಿ ಬಿಗಿದರೆ ತಂತಿಯೇ ಹರಿಯುತ್ತದೆ. ಜೋಲನ್ನು ಕಂಡುಹಿಡಿಯುವ ಸೂತ್ರ ಹೀಗಿದೆ:

ಜೋಲು = (ಒಂದು ಮೀಟರು ತಂತಿಯ ತೂಕ × ಗೋಪುರಗಳ ಅಂತರದ ವರ್ಗ) ÷ (8 × ಬಿಗಿತ)

ತಂತಿ ಮೀಟರಿಗೆ 1.6 ಕಿಲೋಗ್ರಾಂ ತೂಗುತ್ತದೆ, ಗೋಪುರಗಳ ಅಂತರ 350 ಮೀಟರು, ತಂತಿಯ ಬಿಗಿತ 2,800 ಕಿಲೋಗ್ರಾಂ ತೂಕದಷ್ಟು ಎಂದಿಟ್ಟುಕೊಳ್ಳೋಣ. ಆಗ ಜೋಲು 8.75 ಮೀಟರು. ಇದರ ಮೇಲೆ ತಂತಿಯನ್ನು ಹಿಡಿದಿರುವ ಬಿಲ್ಲೆಗಳ ಸರದ ಉದ್ದ 2.3 ಮೀಟರನ್ನು ಸೇರಿಸಿದರೆ, ನಡುಭಾಗದ ತಂತಿಯು ಸುಮಾರು 11 ಮೀಟರು ಉದ್ದದ ಉಯ್ಯಾಲೆಯ ತುದಿಯಲ್ಲಿ ಇದ್ದಂತಾಯಿತು. ಬಿರುಗಾಳಿ ಬೀಸಿ ಈ ಉಯ್ಯಾಲೆ 35 ಡಿಗ್ರಿ ಓರೆಯಾದರೆ ತಂತಿ ಪಕ್ಕಕ್ಕೆ ಸರಿಯುವ ದೂರ 6.3 ಮೀಟರು.

ಗೋಪುರದ ತೋಳು ನಡುಗೆರೆಯಿಂದ ಸುಮಾರು 5 ಮೀಟರು ಚಾಚಿದೆಯೆನ್ನೋಣ. ಹೀಗೆ ತೂಗಿಬಂದ ತಂತಿಗೂ ಪಕ್ಕದ ಕಟ್ಟಡಕ್ಕೂ ನಡುವೆ ನಿಯಮದಂತೆ ಇರಬೇಕಾದ ಅಡ್ಡ ಅಂತರ 3.8 ಮೀಟರು. ಈ ಮೂರನ್ನೂ ಕೂಡಿಸಿದರೆ ಒಂದು ಪಕ್ಕಕ್ಕೆ 15.1 ಮೀಟರು, ಎರಡೂ ಪಕ್ಕಕ್ಕೆ ಸೇರಿ 30.2 ಮೀಟರು. ಮರವಾದರೆ ಬೇಕಾದ ಅಂತರ ಇನ್ನೂ ಹೆಚ್ಚು. ಅದಕ್ಕೂ ದುರಸ್ತಿಗೂ ಸ್ವಲ್ಪ ಜಾಗ ಬಿಟ್ಟರೆ 35 ಮೀಟರಿಗೆ ಬಂದು ನಿಲ್ಲುತ್ತೇವೆ. ಯಾವ ಅಧಿಕಾರಿಯೂ ಮನಸ್ಸಿಗೆ ಬಂದಂತೆ ಎಳೆದ ಗೆರೆ ಇದಲ್ಲ. ಗಾಳಿಯ ಬಲ, ತಂತಿಯ ತೂಕ, ಭೂಮಿಯ ಸೆಳೆತ ಇವು ಮೂರೂ ಸೇರಿ ಎಳೆದ ಗೆರೆ.

ಹುಡುಗನ ಮೊದಲ ಪ್ರಶ್ನೆಗೆ ಉತ್ತರ ಸಿಕ್ಕಿತು. ತಂತಿ ನೆಲವನ್ನು ಮುಟ್ಟುವುದಿಲ್ಲ, ನಿಜ. ಆದರೆ ತಂತಿಯೆಂದರೆ ಬೆರಳುಗಾತ್ರದ ಲೋಹವಷ್ಟೇ ಅಲ್ಲ. ಅದನ್ನು ಸುತ್ತಿರುವ ಗಾಳಿಯ ಹೊದಿಕೆಯೂ ಅದು ತೂಗಾಡುವ ಜಾಗವೂ ಸೇರಿ ತಂತಿ. ಆ ಹೊದಿಕೆ ಅವನ ತೋಟದೊಳಕ್ಕೆ ಇಳಿದು ಬಂದಿದೆ.

ಆಕಾಶ ಯಾರದು?

ಇನ್ನು ಎರಡನೆಯ ಪ್ರಶ್ನೆ. ನೆಲದ ಒಡೆಯನು ಮೇಲೆ ಆಕಾಶದವರೆಗೂ ಕೆಳಗೆ ಪಾತಾಳದವರೆಗೂ ಒಡೆಯನೆಂಬುದು ಪಶ್ಚಿಮ ದೇಶಗಳ ಹಳೆಯ ನ್ಯಾಯಸೂತ್ರ. ವಿಮಾನವೂ ವಿದ್ಯುತ್ ತಂತಿಯೂ ಇಲ್ಲದ ಕಾಲಕ್ಕೆ ಇದು ಸಾಕಾಗಿತ್ತು.

1906ರಲ್ಲಿ ಅಮೆರಿಕದ ನ್ಯೂಯಾರ್ಕ್ ರಾಜ್ಯದ ಅತ್ಯುನ್ನತ ನ್ಯಾಯಾಲಯದ ಮುಂದೆ ಒಂದು ವಿಚಿತ್ರ ಮೊಕದ್ದಮೆ ಬಂತು. ಟೆಲಿಫೋನ್ ಸಂಸ್ಥೆಯೊಂದರ ತಂತಿ ಒಬ್ಬನ ಜಮೀನಿನ ಮೇಲೆ ಇಪ್ಪತ್ತು ಮೂವತ್ತು ಅಡಿ ಎತ್ತರದಲ್ಲಿ ಹಾದಿತ್ತು. ಅವನ ನೆಲದಲ್ಲಿ ಒಂದು ಕಂಬವೂ ಇರಲಿಲ್ಲ. ಆದರೂ ನ್ಯಾಯಾಲಯ ಅದನ್ನು ನೆಲದ ಸ್ವಾಧೀನವೆಂದೇ ಎಣಿಸಿ, ಒಡೆಯನ ಪರವಾಗಿ ತೀರ್ಪಿತ್ತಿತು. ನಲವತ್ತು ವರ್ಷಗಳ ಬಳಿಕ, 1946ರಲ್ಲಿ, ಆ ದೇಶದ ಸರ್ವೋಚ್ಚ ನ್ಯಾಯಾಲಯದ ಮುಂದೆ ಉತ್ತರ ಕೆರೊಲಿನಾದ ಕೋಳಿ ಸಾಕುವ ಕುಟುಂಬವೊಂದರ ದೂರು ಬಂದಿತು. ಸೇನಾವಿಮಾನಗಳು ಅವರ ಜಮೀನಿನ ಮೇಲೆ 83 ಅಡಿಯಷ್ಟು ಕೆಳಗೆ ಹಾರುತ್ತಿದ್ದವು. ಸದ್ದಿಗೆ ಬೆದರಿದ ಕೋಳಿಗಳು ಗೋಡೆಗೆ ಬಡಿದುಕೊಂಡು ಸಾಯುತ್ತಿದ್ದವು. ಆಕಾಶದವರೆಗೂ ಒಡೆತನವೆಂಬ ಹಳೆಯ ಸೂತ್ರ ಈ ಕಾಲಕ್ಕೆ ಸಲ್ಲದೆಂದು ನ್ಯಾಯಾಲಯ ಹೇಳಿತು. ಆದರೆ ಅಲ್ಲಿಗೇ ನಿಲ್ಲಿಸಲಿಲ್ಲ. ನೆಲವನ್ನು ಉಪಯೋಗಿಸಲು ಎಷ್ಟು ಆಕಾಶ ಬೇಕೋ ಅಷ್ಟು ನೆಲದ ಒಡೆಯನದೇ; ಅದನ್ನು ಕಿತ್ತುಕೊಂಡರೆ ಪರಿಹಾರ ಕೊಡಬೇಕು ಎಂದಿತು.

ಈ ತೀರ್ಪುಗಳು ನಮ್ಮ ನ್ಯಾಯಾಲಯಗಳನ್ನು ಕಟ್ಟಿಹಾಕುವುದಿಲ್ಲ. ಆದರೂ ಎರಡನೆಯ ತೀರ್ಪು ನಮಗೊಂದು ಒಳ್ಳೆಯ ಅಳತೆಗೋಲನ್ನು ಕೊಡುತ್ತದೆ. ಮುಟ್ಟಿತೋ ಇಲ್ಲವೋ ಎಂಬುದಲ್ಲ, ಯಾವ ಉಪಯೋಗ ತಪ್ಪಿತು ಎಂಬುದು ಪ್ರಶ್ನೆ. ಅಡಿಕೆ ತೋಟಕ್ಕೆ ಬೇಕಾದ ಆಕಾಶ ಹದಿನೈದು ಮೀಟರಾದರೆ, 2.4 ಮೀಟರನ್ನು ಬಿಟ್ಟು ಮಿಕ್ಕುದನ್ನು ತಂತಿ ತೆಗೆದುಕೊಂಡಿದೆ.

ತಂತಿ ಇಲಾಖೆಯ ಕಾಯಿದೆ

ಕನ್ನಡದಲ್ಲಿ ‘ತಂತಿ’ ಎಂಬ ಒಂದೇ ಮಾತು ಎರಡು ವಸ್ತುಗಳಿಗೆ ಸಲ್ಲುತ್ತಿತ್ತು: ಲೋಹದ ತಂತಿಗೆ, ಅಂಚೆಯವನು ಹಿಡಿದು ತರುತ್ತಿದ್ದ ಟೆಲಿಗ್ರಾಮಿಗೆ. ನಮ್ಮ ಕಾನೂನು ಕೂಡ ಇವೆರಡನ್ನೂ ಒಂದೇ ಕಾಯಿದೆಯ ಕೆಳಗೆ ತಂದಿತೆಂದರೆ ಓದುಗರಿಗೆ ಆಶ್ಚರ್ಯವಾಗಬಹುದು.

1885ರ ಭಾರತೀಯ ಟೆಲಿಗ್ರಾಫ್ ಕಾಯಿದೆಯ 10ನೆಯ ಸೆಕ್ಷನ್ನು, ಯಾರ ಜಮೀನಿನ ಮೇಲಾದರೂ ಕೆಳಗಾದರೂ ತಂತಿ ಎಳೆಯುವ, ಕಂಬ ನೆಡುವ ಅಧಿಕಾರವನ್ನು ತಂತಿ ಇಲಾಖೆಗೆ ಕೊಟ್ಟಿತು. ಅದರ ಜೊತೆಗೆ ಮೂರು ಮುಖ್ಯ ಕಟ್ಟುಗಳನ್ನೂ ಹಾಕಿತು. ಇಲಾಖೆಗೆ ದೊರೆಯುವುದು ಬಳಸುವ ಹಕ್ಕು ಮಾತ್ರ, ನೆಲದ ಒಡೆತನವಲ್ಲ. ಸಾಧ್ಯವಾದಷ್ಟು ಕಡಮೆ ಹಾನಿ ಮಾಡಬೇಕು. ಆದ ಹಾನಿಗೆ ಪೂರ್ಣ ಪರಿಹಾರ ಕೊಡಬೇಕು. 16ನೆಯ ಸೆಕ್ಷನ್ನಿನಂತೆ, ಒಡೆಯನು ಅಡ್ಡಿಪಡಿಸಿದರೆ ಕೆಲಸ ನಡೆಸಲು ಜಿಲ್ಲಾ ದಂಡಾಧಿಕಾರಿ ಅಪ್ಪಣೆ ಕೊಡಬಹುದು. ಪರಿಹಾರ ಸಾಲದೆಂಬ ತಕರಾರನ್ನು ಜಿಲ್ಲಾ ನ್ಯಾಯಾಧೀಶರು ತೀರ್ಮಾನಿಸುತ್ತಾರೆ.

1910ರ ವಿದ್ಯುತ್ ಕಾಯಿದೆಯು, ಸರ್ಕಾರ ಬಯಸಿದರೆ ವಿದ್ಯುತ್ ಮಾರ್ಗ ಹಾಕುವವರಿಗೂ ಇವೇ ಅಧಿಕಾರಗಳನ್ನು ಒಪ್ಪಿಸಬಹುದೆಂದಿತು. ಈಗ ಜಾರಿಯಲ್ಲಿರುವ 2003ರ ವಿದ್ಯುತ್ ಕಾಯಿದೆಯ 164ನೆಯ ಸೆಕ್ಷನ್ನು ಅದನ್ನೇ ಹೇಳುತ್ತದೆ. ಟೆಲಿಗ್ರಾಮು 2013ರ ಜುಲೈ ತಿಂಗಳಲ್ಲಿ ನಮ್ಮ ದೇಶದಲ್ಲಿ ನಿಂತುಹೋಯಿತು. 2023ರಲ್ಲಿ ದೂರಸಂಪರ್ಕಕ್ಕೆ ಹೊಸ ಕಾಯಿದೆಯೂ ಬಂದಿತು. ಆಗಲೂ ವಿದ್ಯುತ್ ಮಾರ್ಗಗಳ ಮಟ್ಟಿಗೆ ಹಳೆಯ ಕಾಯಿದೆಯ ಆ ಭಾಗವನ್ನು ಉಳಿಸಿಕೊಂಡರು.

ತಕರಾರಿನ ಬೇರು ಇಲ್ಲಿಯೇ ಇದೆಯೆಂದು ನಮಗೆ ತೋರುತ್ತದೆ. ಟೆಲಿಗ್ರಾಫ್ ತಂತಿಯ ಒತ್ತಡ ಅತ್ಯಲ್ಪ. ಅದಕ್ಕೆ ಮೀಟರುಗಟ್ಟಲೆ ಗಾಳಿಯ ಹೊದಿಕೆ ಬೇಕಿರಲಿಲ್ಲ. 35 ಮೀಟರು ಪಟ್ಟಿಯಂತೂ ಬೇಕಿರಲೇ ಇಲ್ಲ. ಕಂಬ ನೆಡುವಾಗ ಒಂದಿಷ್ಟು ಪೈರು ತುಳಿದುಹೋಗುತ್ತಿತ್ತು, ಒಂದೆರಡು ಕೊಂಬೆ ಕಡಿಯಬೇಕಾಗುತ್ತಿತ್ತು. ‘ಹಾನಿ’ ಎಂಬ ಮಾತಿಗೆ ಅಂದು ಇದ್ದ ಅರ್ಥ ಬಹುಮಟ್ಟಿಗೆ ಇಷ್ಟೇ. ಒಮ್ಮೆ ಆಗಿ ಮುಗಿಯುವ ಹಾನಿ. ಅದೇ ಕಾಯಿದೆಯ 17ನೆಯ ಸೆಕ್ಷನ್ನನ್ನು ನೋಡಿದರೆ ಇದು ಇನ್ನೂ ಸ್ಪಷ್ಟವಾಗುತ್ತದೆ. ಒಡೆಯನಿಗೆ ತನ್ನ ಜಮೀನನ್ನು ಬೇರೆ ರೀತಿಯಲ್ಲಿ ಬಳಸಬೇಕಾದರೆ ಕಂಬವನ್ನು ಅದೇ ಜಮೀನಿನ ಇನ್ನೊಂದು ಕಡೆಗೆ ಸರಿಸಿರೆಂದು ಅವನು ಕೇಳಬಹುದು. ಮೊದಲೇ ಪರಿಹಾರ ಪಡೆದಿದ್ದರೆ, ಸರಿಸುವ ಖರ್ಚನ್ನೋ ಪಡೆದ ಪರಿಹಾರದ ಅರ್ಧವನ್ನೋ, ಯಾವುದು ಕಡಮೆಯೋ ಅದನ್ನು, ಅವನು ಕಟ್ಟಬೇಕು. ಟೆಲಿಗ್ರಾಫ್ ಕಂಬಕ್ಕೆ ಇದು ಹೇಳಿಮಾಡಿಸಿದ ಏರ್ಪಾಡು. ಕಾಂಕ್ರೀಟಿನ ಅಡಿಪಾಯದ ಮೇಲೆ ನಾಲ್ಕು ಕಾಲೂರಿ ನಿಂತ ಉಕ್ಕಿನ ಗೋಪುರವನ್ನು ಹೀಗೆ ಎತ್ತಿಡುವುದು ಸುಲಭವೆ?

ಆದುದರಿಂದ ಒಡೆತನ ನಮ್ಮದು, ಬಳಕೆ ಮಾತ್ರ ಅವರದು ಎಂಬ ಮಾತು ಟೆಲಿಗ್ರಾಫ್ ತಂತಿಯ ಕಾಲಕ್ಕೆ ಹೊಂದುತ್ತಿತ್ತು. 220 ಕಿಲೋವೋಲ್ಟಿನ ಕೆಳಗೆ ಅದು ಅರ್ಧಸತ್ಯ. ಪಹಣಿಯಲ್ಲಿ ಹೆಸರು ಉಳಿಯುತ್ತದೆ, ಕಂದಾಯ ಕಟ್ಟುವ ಹೊಣೆಯೂ ಉಳಿಯುತ್ತದೆ; ಅಡಿಕೆ ಬೆಳೆಯುವ, ಮನೆ ಕಟ್ಟುವ ಸ್ವಾತಂತ್ರ್ಯ ಉಳಿಯುವುದಿಲ್ಲ.

ನ್ಯಾಯಾಲಯಗಳು ಹೇಳಿದ್ದೇನು?

ಒಡೆಯನ ಒಪ್ಪಿಗೆಯಿಲ್ಲದೆ ಮಾರ್ಗ ಹಾಕಬಹುದೆ? 2016ರ ಡಿಸೆಂಬರಿನಲ್ಲಿ ನಮ್ಮ ಸರ್ವೋಚ್ಚ ನ್ಯಾಯಾಲಯ ಈ ಪ್ರಶ್ನೆಗೆ ಉತ್ತರ ಕೊಟ್ಟಿತು. ಛತ್ತೀಸಗಢದಲ್ಲಿ ಸಿಮೆಂಟು ಕಾರಖಾನೆಯೊಂದರ ಸುಣ್ಣಕಲ್ಲಿನ ಗಣಿಯ ಜಾಗದ ಮೇಲೆ ಹಾದ ಮಾರ್ಗದ ಮೊಕದ್ದಮೆ ಅದು. 164ನೆಯ ಸೆಕ್ಷನ್ನಿನಂತೆ ಅಧಿಕಾರ ಪಡೆದವರು ಜಮೀನಿನ ಒಡೆಯನ ಒಪ್ಪಿಗೆಯನ್ನು ಪಡೆಯಬೇಕಾದುದಿಲ್ಲ ಎಂದು ತೀರ್ಪಾಯಿತು. ಹೀಗಾಗಿ ‘ಬೇಡ’ ಎಂಬ ಹಕ್ಕು ಒಡೆಯನಿಗೆ ಇಲ್ಲವೆಂದೇ ಹೇಳಬೇಕು. ಒಬ್ಬೊಬ್ಬ ಒಡೆಯನೂ ಬೇಡವೆನ್ನುವಂತಿದ್ದರೆ ಶಿವನಸಮುದ್ರದ ವಿದ್ಯುತ್ತು ಕೋಲಾರವನ್ನು ಮುಟ್ಟುತ್ತಿರಲಿಲ್ಲವೆಂಬುದನ್ನೂ ಒಪ್ಪಬೇಕು.

ಹಾಗಾದರೆ ಅವನಿಗೆ ಉಳಿದ ಹಕ್ಕು ಪರಿಹಾರದ್ದು. ಆ ಪರಿಹಾರವನ್ನು ಅಳೆಯುವುದು ಹೇಗೆ? 2007ರಲ್ಲಿ ಕೇರಳದ ಮೊಕದ್ದಮೆಯೊಂದರಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ವಿಚಾರಿಸಿತು. ಎಲ್ಲರಿಗೂ ಒಂದೇ ಸೂತ್ರ ಸಲ್ಲದು. ಜಮೀನು ಎಲ್ಲಿದೆ, ತಂತಿಗಳ ನಡುವಣ ಅಂತರವೆಷ್ಟು, ಮಾರ್ಗ ಎಷ್ಟು ದೂರ ಹಾದಿದೆ, ಅಂಚಿನಲ್ಲಿ ಹಾದಿದೆಯೋ ನಟ್ಟನಡುವೆ ಹಾದಿದೆಯೋ, ನೆಲದ ಬೆಲೆಯೆಷ್ಟು ಇವೆಲ್ಲವನ್ನೂ ನೋಡಬೇಕೆಂದಿತು. ಯಾವ ಉದ್ದೇಶಕ್ಕಾಗಿ ಜಮೀನು ಇದ್ದಿತೋ ಆ ಉದ್ದೇಶಕ್ಕೆ ಬಳಸುವ ಹಕ್ಕನ್ನೇ ಒಡೆಯನು ಕೆಲವು ಸಂದರ್ಭಗಳಲ್ಲಿ ಕಳೆದುಕೊಳ್ಳಬಹುದೆಂಬುದನ್ನು ನ್ಯಾಯಾಲಯ ಗಮನಿಸಿತು.

‘ನಟ್ಟನಡುವೆ’ ಎಂಬುದರ ತೂಕವನ್ನು ನಮ್ಮ ವಿದ್ಯಾರ್ಥಿಯ ತೋಟದಲ್ಲಿಯೇ ಅಳೆದು ನೋಡೋಣ. ಒಂದೂವರೆ ಎಕರೆಯೆಂದರೆ 60 ಗುಂಟೆ, ಸುಮಾರು 6,070 ಚದರ ಮೀಟರು. ಅದು 100 ಮೀಟರು ಉದ್ದ, 60.7 ಮೀಟರು ಅಗಲವಿದೆಯೆನ್ನೋಣ. ಮಾರ್ಗ ಉದ್ದಕ್ಕೂ ನಡುವೆ ಹಾದರೆ ಪಟ್ಟಿಯೊಳಗೆ ಸೇರುವುದು 3,500 ಚದರ ಮೀಟರು, ಎಂದರೆ ಮೂವತ್ತನಾಲ್ಕೂವರೆ ಗುಂಟೆ. ಅರ್ಧಕ್ಕಿಂತ ಹೆಚ್ಚು ತೋಟ ಹೋಯಿತು. ಉಳಿದುದು ಎರಡು ಪಕ್ಕದಲ್ಲಿ 13 ಮೀಟರಿಗೂ ಕಡಮೆ ಅಗಲದ ಎರಡು ಸೀಳುಗಳು. ಅಡಿಕೆಗೆ ಬಿಸಿಲ ಝಳ ಆಗದು. ನಡುವೆ ಬಯಲಾದರೆ ಅಂಚಿನ ಮರಗಳ ಕಾಂಡ ಬಿಸಿಲಿಗೆ ಬೇಯುತ್ತದೆ. ಮಾರ್ಗ ಬೇಲಿಯ ಪಕ್ಕದಲ್ಲಿಯೇ ಹಾದಿದ್ದರೆ ಪಟ್ಟಿಯ ಬಹುಭಾಗ ಆಚೆಗೆ ಬಿದ್ದು, ತೋಟ ಒಂದು ತುಂಡಾಗಿ ಉಳಿಯುತ್ತಿತ್ತು.

ಬಹುಕಾಲ ಇಂಥ ಸಂದರ್ಭಗಳಲ್ಲಿ ಲೆಕ್ಕಕ್ಕೆ ಬರುತ್ತಿದ್ದುದು ಮುಖ್ಯವಾಗಿ ಕಡಿದ ಮರ ಮತ್ತು ಹಾಳಾದ ಬೆಳೆ. 2015ರ ಅಕ್ಟೋಬರಿನಲ್ಲಿ ಕೇಂದ್ರ ವಿದ್ಯುತ್ ಮಂತ್ರಾಲಯವು ಮಾರ್ಗಸೂಚಿಯೊಂದನ್ನು ಹೊರಡಿಸಿ, ಮರ ಮತ್ತು ಬೆಳೆಯ ಪರಿಹಾರದ ಮೇಲೆ, ಗೋಪುರದ ಪಾದದ ಜಾಗಕ್ಕೆ ನೆಲದ ಬೆಲೆಯ ಶೇಕಡ 85ರಷ್ಟನ್ನೂ ತಂತಿಯ ಕೆಳಗಿನ ಪಟ್ಟಿಗೆ ಹೆಚ್ಚೆಂದರೆ ಶೇಕಡ 15ರಷ್ಟನ್ನೂ ಕೊಡಬೇಕೆಂದು ಸೂಚಿಸಿತು. 2024ರ ಜೂನಿನಲ್ಲಿ ಇವನ್ನು ಕ್ರಮವಾಗಿ ಶೇಕಡ 200ಕ್ಕೂ ಶೇಕಡ 30ಕ್ಕೂ ಏರಿಸಿತು. ಎಕರೆಗೆ 10 ಲಕ್ಷ ರೂಪಾಯಿ ಬೆಲೆಯೆಂದು ಇಟ್ಟುಕೊಂಡರೆ, ಮೇಲೆ ಹೇಳಿದ ಪಟ್ಟಿಯ ನೆಲಕ್ಕೆ 2015ರ ಲೆಕ್ಕದಲ್ಲಿ ಹೆಚ್ಚೆಂದರೆ 1 ಲಕ್ಷ 30 ಸಾವಿರ. 2024ರ ಲೆಕ್ಕದಲ್ಲಿ ಸುಮಾರು 2 ಲಕ್ಷ 60 ಸಾವಿರ.

ಇಲ್ಲೊಂದು ಮುಖ್ಯವಾದ ಬದಲಾವಣೆ ನಡೆದಿದೆ. ತಂತಿ ಮುಟ್ಟದ ನೆಲಕ್ಕೂ ಬೆಲೆಯುಂಟೆಂದು ಸರ್ಕಾರವೇ ಒಪ್ಪಿಕೊಂಡಂತಾಯಿತು. ಆದರೆ ಶೇಕಡ 30 ಎಂಬುದು ರಾಗಿ ಹೊಲಕ್ಕೂ ಅಡಿಕೆ ತೋಟಕ್ಕೂ ಒಂದೇ ಆದರೆ, 2.4 ಮೀಟರಿನ ನಮ್ಮ ವ್ಯವಕಲನ ಮರೆತುಹೋದಂತೆ. ರಾಗಿ ಬೆಳೆಯುವವನು ಮೊದಲಿನಂತೆಯೇ ಬೆಳೆಯುತ್ತಾನೆ. ಅಡಿಕೆಯವನು ಕಸುಬನ್ನೇ ಬದಲಾಯಿಸಬೇಕು.

ಮೊದಲು ಬಂದುದು ಮರವೋ ತಂತಿಯೋ?

ಇಂಥ ತಕರಾರುಗಳಲ್ಲಿ ಕಾಲದ ಕ್ರಮವೂ ಮುಖ್ಯ. 2003ರ ಕಾಯಿದೆಯ 68ನೆಯ ಸೆಕ್ಷನ್ನಿನಂತೆ ತಂತಿಗೆ ಅಡ್ಡಿಯಾದ ಮರವನ್ನು ತೆಗೆಸುವ ಅಧಿಕಾರ ದಂಡಾಧಿಕಾರಿಗೆ ಉಂಟು. ಆದರೆ ಮರವು ತಂತಿಗಿಂತ ಮೊದಲೇ ಇದ್ದುದಾದರೆ ಪರಿಹಾರ ಕೊಡಿಸಬೇಕು. ತಂತಿ ಬಂದ ಮೇಲೆ ಅದರ ಕೆಳಗೆ ನೆಟ್ಟ ಮರಕ್ಕೆ, ಎಬ್ಬಿಸಿದ ಕಟ್ಟಡಕ್ಕೆ ಈ ಮಾತು ಅನ್ವಯಿಸದು. ಪಟ್ಟಣಗಳಲ್ಲಿ ಮನೆಯ ಮೇಲೆ ಮಹಡಿ ಏರಿಸಿ, 11 ಕಿಲೋವೋಲ್ಟಿನ ತಂತಿ ಕಿಟಕಿಗೆ ತಾಗುವಂತಾದ ಮೇಲೆ ದೂರು ಕೊಡುವವರನ್ನು ನಾವು ಕಂಡಿದ್ದೇವೆ. ಆ ತಂತಿಗೂ ಗೋಡೆಗೂ ಕನಿಷ್ಠ 1.2 ಮೀಟರು ಅಡ್ಡ ಅಂತರವಿರಬೇಕು. ಕಾನೂನಿನ ತಪ್ಪು ಒಂದು ಕಡೆ ಇರಲಿ. ಬಟ್ಟೆ ಒಣಹಾಕಲು ಕಬ್ಬಿಣದ ಸರಳು ಹಿಡಿದು ಮಹಡಿಗೆ ಹೋಗುವ ಮಗುವಿಗೆ ವಿದ್ಯುತ್ತು ಕ್ಷಮೆ ತೋರುವುದಿಲ್ಲ.

ಭಯಕ್ಕೂ ಬೆಲೆಯುಂಟೆ?

ತಂತಿಯ ಬಳಿಯ ಕಾಂತಕ್ಷೇತ್ರದಿಂದ ರೋಗ ಬರುವುದೆಂಬ ಭಯವೂ ಕೆಲವು ತಕರಾರುಗಳಲ್ಲಿ ಕಾಣಿಸಿಕೊಳ್ಳುತ್ತದೆ. 500 ಆಂಪಿಯರು ಹರಿಯುವ ಒಂಟಿ ತಂತಿಯಿಂದ 10 ಮೀಟರು ದೂರದಲ್ಲಿ ಕಾಂತಕ್ಷೇತ್ರ 10 ಮೈಕ್ರೊಟೆಸ್ಲಾ. ಮೂರು ತಂತಿಗಳ ಪ್ರವಾಹಗಳು ಒಂದನ್ನೊಂದು ಬಹುಮಟ್ಟಿಗೆ ಅಳಿಸಿಹಾಕುವುದರಿಂದ ನಿಜವಾದ ಕ್ಷೇತ್ರ ಇದಕ್ಕಿಂತ ಕಡಮೆ. ದೂರ ಹೋದಂತೆ ಅದು ಬೇಗ ಕುಗ್ಗುತ್ತದೆ. ಸಾರ್ವಜನಿಕರಿಗೆ ಅಂತರರಾಷ್ಟ್ರೀಯ ತಜ್ಞಮಂಡಲಿಯೊಂದು 2010ರಲ್ಲಿ ಸೂಚಿಸಿದ ಮಿತಿ 200 ಮೈಕ್ರೊಟೆಸ್ಲಾ. 1979ರಲ್ಲಿ ಡೆನ್ವರ್ ನಗರದ ಅಧ್ಯಯನವೊಂದು ಮಕ್ಕಳ ಕ್ಯಾನ್ಸರಿಗೂ ಮನೆಯ ಬಳಿಯ ತಂತಿಗಳಿಗೂ ನಂಟಿರಬಹುದೆಂದ ಮೇಲೆ ಬಹಳ ಸಂಶೋಧನೆ ನಡೆಯಿತು. 2002ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನ ವಿಭಾಗವು ಈ ಕ್ಷೇತ್ರವನ್ನು ‘ಕ್ಯಾನ್ಸರಿಗೆ ಕಾರಣವಾಗಿರಲೂಬಹುದು’ ಎಂಬ ವರ್ಗದಲ್ಲಿ ಇಟ್ಟಿತು. ಸಂದೇಹವನ್ನು ಪೂರ್ತಿ ತಳ್ಳಿಹಾಕಿಲ್ಲ, ರುಜುವಾತೂ ಆಗಿಲ್ಲ ಎಂಬುದು ಇದರ ತಾತ್ಪರ್ಯ. ನ್ಯೂಯಾರ್ಕಿನ ಅತ್ಯುನ್ನತ ನ್ಯಾಯಾಲಯ 1993ರಲ್ಲಿ ಈ ಪ್ರಶ್ನೆಯನ್ನು ಬೇರೊಂದು ಕಡೆಯಿಂದ ನೋಡಿತು. ಕೊಳ್ಳುವವರ ಭಯ ಸರಿಯೋ ತಪ್ಪೋ ಎಂಬುದನ್ನು ಒಡೆಯನು ರುಜುವಾತುಪಡಿಸಬೇಕಿಲ್ಲ. ಆ ಭಯದಿಂದ ಜಮೀನಿನ ಬೆಲೆ ಇಳಿದುದು ನಿಜವಾದರೆ ಅದೂ ನಷ್ಟವೇ ಎಂದಿತು. ವಿಜ್ಞಾನದ ಪ್ರಶ್ನೆ ಬೇರೆ, ನ್ಯಾಯದ ಪ್ರಶ್ನೆ ಬೇರೆ ಎಂಬುದಕ್ಕೆ ಇದೊಂದು ನಿದರ್ಶನ.

ನೆಲದೊಳಗೆ ಹೂಳಬಾರದೆ?

ಬಾರದೆಂದೇನೂ ಇಲ್ಲ, ನಗರಗಳಲ್ಲಿ ಹೂಳುತ್ತಾರೆ. ಆದರೆ ದೂರ ಹೆಚ್ಚಾದಂತೆ ಒಂದು ತೊಡಕು ಎದುರಾಗುತ್ತದೆ. ನೆಲದೊಳಗಿನ ಕೇಬಲ್ಲಿನಲ್ಲಿ ತಂತಿಗೂ ಹೊರಗಿನ ಲೋಹದ ಕವಚಕ್ಕೂ ನಡುವೆ ತೆಳುವಾದ ಹೊದಿಕೆ ಇರುವುದರಿಂದ ಅದೊಂದು ಉದ್ದನೆಯ ಧಾರಕದಂತೆ ವರ್ತಿಸುತ್ತದೆ. ಕಿಲೋಮೀಟರಿಗೆ 0.2 ಮೈಕ್ರೊಫ್ಯಾರಡ್ ಧಾರಕತೆಯ 220 ಕಿಲೋವೋಲ್ಟಿನ ಕೇಬಲ್ಲು, ಆಚೆಯ ತುದಿಗೆ ಏನನ್ನೂ ಕಳುಹಿಸದಿದ್ದರೂ, ತನ್ನನ್ನು ತುಂಬಿಕೊಳ್ಳಲೆಂದೇ ಕಿಲೋಮೀಟರಿಗೆ 8 ಆಂಪಿಯರು ಪ್ರವಾಹವನ್ನು ಎಳೆಯುತ್ತದೆ. 100 ಕಿಲೋಮೀಟರಿಗೆ 800 ಆಂಪಿಯರು! ಕೇಬಲ್ಲು ಹೊರಬಲ್ಲ ಪ್ರವಾಹವೆಲ್ಲ ಅದಕ್ಕೇ ಸಂದುಹೋಗುತ್ತದೆ. ಖರ್ಚಂತೂ ಹಲವು ಪಟ್ಟು. ಗೋಪುರವನ್ನು ಎತ್ತರಿಸಿ ಮರಗಳ ಮೇಲೆಯೇ ತಂತಿ ಹಾಯಿಸಬಹುದು. ಒಂದೇ ಗೋಪುರದಲ್ಲಿ ಎರಡು ಮೂರು ಮಾರ್ಗಗಳನ್ನು ಹೊರಿಸಿ ಪಟ್ಟಿಗಳ ಸಂಖ್ಯೆ ತಗ್ಗಿಸಬಹುದು. ತೋಟದ ಅಂಚಿಗೆ ಮಾರ್ಗವನ್ನು ಬಾಗಿಸಬಹುದು. ಆದರೆ 2,800 ಕಿಲೋಗ್ರಾಂ ಬಿಗಿತದ ತಂತಿಯನ್ನು 30 ಡಿಗ್ರಿ ಬಾಗಿಸಿದರೆ ತಿರುವಿನ ಗೋಪುರವನ್ನು ಒಂದೊಂದು ತಂತಿಯೂ ಸುಮಾರು 1,450 ಕಿಲೋಗ್ರಾಂ ಬಲದಿಂದ ಒಳಕ್ಕೆ ಎಳೆಯುತ್ತದೆ. ಆರು ತಂತಿಗಳಿದ್ದರೆ ಎಂಟೂವರೆ ಟನ್ನಿಗೂ ಮೇಲೆ. ಅದನ್ನು ತಡೆಯಲು ಹೆಚ್ಚು ಉಕ್ಕು, ಹೆಚ್ಚು ಅಡಿಪಾಯ ಬೇಕು. ಅದರಿಂದ ಮಾರ್ಗವನ್ನು ಬಾಗಿಸುವ ಮಾತನ್ನು ಅಳತೆಯ ಗೂಟ ಹೊಡೆಯುವ ಹೊತ್ತಿಗೇ ಬರಹದಲ್ಲಿ ಕೊಡುವುದು ಲೇಸು. ಅಡಿಪಾಯ ಹಾಕಿದ ಮೇಲೆ ಉಳಿಯುವುದು ಪರಿಹಾರದ ಮಾತು ಮಾತ್ರ.

ನಾವು ಹುಡುಗನಿಗೆ ಹೇಳಿದ ಉತ್ತರ

ಮರುದಿನ ನಾವು ಆ ವಿದ್ಯಾರ್ಥಿಯನ್ನು ಕರೆದು ಇಷ್ಟು ಹೇಳಿದೆವು: “ಮರ ಕಡಿಯಲೇಬೇಕೆಂದು ಅವರು ಹೇಳುವುದು ಸುಳ್ಳಲ್ಲ; ಲೆಕ್ಕ ಸರಿಯಾಗಿದೆ. ಆದರೆ ಯಾವ ಲೆಕ್ಕದಿಂದ 35 ಮೀಟರು ಬೇಕೆಂದು ಸಿದ್ಧವಾಯಿತೋ, ಅದೇ ಲೆಕ್ಕದಿಂದ ಆ 35 ಮೀಟರಿನಲ್ಲಿ ನಿಮ್ಮ ತೋಟ ತೋಟವಾಗಿ ಉಳಿಯದೆಂಬುದೂ ಸಿದ್ಧವಾಗುತ್ತದೆ. ಒಂದನ್ನು ಒಪ್ಪಿ ಇನ್ನೊಂದನ್ನು ಬಿಡಲಾಗದು. ತಂದೆಯವರಿಗೆ ಹೇಳು: ಮರಗಳನ್ನು ಎಣಿಸಿ ಬರೆದಿಡಲಿ, ಮಾರ್ಗ ಹಾಯುವ ಗೆರೆಯನ್ನು ತೋಟದ ನಕ್ಷೆಯ ಮೇಲೆ ಎಳೆಯಲಿ, ಪಟ್ಟಿಯ ಎರಡು ಪಕ್ಕದಲ್ಲಿ ಉಳಿಯುವ ಅಗಲವನ್ನು ಅಳೆದು ಗುರುತಿಸಲಿ.”

ಹುಡುಗ ಸ್ವಲ್ಪ ಹೊತ್ತು ಸುಮ್ಮನಿದ್ದು, “ಅಳತೆಯ ಪಟ್ಟಿ ಪ್ರಯೋಗಾಲಯದಿಂದ ಸಿಗಬಹುದೆ ಸಾರ್?” ಎಂದು ಕೇಳಿದ. ಶನಿವಾರ ತೆಗೆದುಕೊಂಡು ಹೋಗಿ ಸೋಮವಾರ ತಂದುಕೊಡುವಂತೆ ಹೇಳಿ, ಮೂವತ್ತು ಮೀಟರಿನ ಪಟ್ಟಿಯನ್ನು ಅವನ ಕೈಗೆ ಕೊಟ್ಟೆವು.